ಕರಡಿಯ ಹಗ್ಗ, ಬಡವನ ಒಲೆ

ಖಲಂದರರು ಕರಡಿ ತಂದರೆ ವಿಜಯಪುರದಂಥ ನಮ್ಮ ಬಯಲುಸೀಮೆಯಲ್ಲಿ ತಾಯಂದಿರು ಅಂಜಿಕೆ ಬಿಡಲೆಂದು ಮಕ್ಕಳನ್ನು ಅದರ ಬೆನ್ನೇರಿಸುತ್ತಿದ್ದರು. ಹಲ್ಲು ಮುರಿದು, ಮೂತಿ ಚುಚ್ಚಿ ಹಗ್ಗ ಪೋಣಿಸಿದ್ದರಿಂದಲೇ ಆ ಕಾಡುಪ್ರಾಣಿ ಸುಮ್ಮನೆ ನಿಲ್ಲುತ್ತಿತ್ತು. ಹಿಂಸಿಸಿಯೇ ಇಟ್ಟುಕೊಳ್ಳಬೇಕಾದ ಜೀವ ನಮ್ಮ ಸ್ವತ್ತಾದೀತೇ?

1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬಂತು. 1998ರ ಅಧಿಸೂಚನೆ ಕರಡಿಯಾಟವನ್ನೇ ನಿಷೇಧಿಸಿತು. ಆದರೂ ಆಟ ನಿಲ್ಲಲಿಲ್ಲ. ಕರಡಿಯಿಲ್ಲದೆ ಆಡಿಸುವವನ ಒಲೆ ಉರಿಯುತ್ತಿರಲಿಲ್ಲ. 2005ರಲ್ಲಿ ಬನ್ನೇರುಘಟ್ಟದಲ್ಲಿ ಕರಡಿಗಳಿಗೆ ಆಶ್ರಯಧಾಮ ತೆರೆಯಿತು. ಖಲಂದರರಿಗೂ ಬೇರೆ ಕಸುಬು, ಅವರ ಮಕ್ಕಳಿಗೆ ಶಾಲೆ ಒದಗಿಸಲಾಯಿತು. 2009ರಲ್ಲಿ ರಾಜು ಎಂಬ ಕರಡಿ ಅಲ್ಲಿ ಸೇರುವ ಹೊತ್ತಿಗೆ ಬೀದಿಯಾಟ ಬಹುಮಟ್ಟಿಗೆ ನಿಂತಿತ್ತು.

ಕಾಯ್ದೆ ತಪ್ಪನ್ನು ತಪ್ಪೆನ್ನಬಲ್ಲದು. ತಪ್ಪು ಬಿಡುವವನ ಮಕ್ಕಳ ಹಸಿವನ್ನೂ ನೆನೆದಾಗಲೇ ನ್ಯಾಯ ಪೂರ್ಣ. ನೆರೆಯವನಿಗೆ ‘ಇದು ಬೇಡ’ ಎನ್ನುವ ಮುನ್ನ ನಾವೂ ಅವನ ಒಲೆಯ ಕಡೆ ನೋಡೋಣ.