ಕೈತಪ್ಪಿದ ಚೆಂಡಿನ ಲೆಕ್ಕ

ಸುಗ್ಗಿ ಮುಗಿದ ಮೇಲೆ ಕುಷ್ಟಗಿ, ಯಲಬುರ್ಗಾ ಕಡೆಯ ಹೊಲಗಳು ಮೈದಾನಗಳಾಗುತ್ತವೆ. ಜೋಳದ ಕೂಳೆ ಕಿತ್ತು, ನೆಲ ಸಮ ಮಾಡಿ, ಸುಣ್ಣದ ಗೆರೆ ಎಳೆದು, ಒಂದು ಮೈಕು ಕಟ್ಟಿದರೆ ಟೆನಿಸ್ ಬಾಲ್ ಟೂರ್ನಿಗೆ ಎಲ್ಲವೂ ಸಿದ್ಧ. ಅಂಥ ಒಂದು ಪಂದ್ಯವನ್ನು ನೋಡುತ್ತಾ ನಾವೂ ನಿಂತಿದ್ದೆವು. ಒಂದು ಕಡೆ ಗಂಗಾವತಿಯ ಹುಡುಗರು, ಇನ್ನೊಂದು ಕಡೆ ಯಲಬುರ್ಗಾ ತಾಲೂಕಿನ ಒಂದು ಹಳ್ಳಿಯವರು. ಹಳ್ಳಿಯ ತಂಡದಲ್ಲಿ ಪಾಯಿಂಟ್ ಜಾಗದಲ್ಲಿ ನಿಂತಿದ್ದ ಒಬ್ಬ ತೆಳ್ಳನೆಯ ಹುಡುಗ ಅಂದು ಚಿಗರೆಯಂತೆ ಓಡಾಡುತ್ತಿದ್ದ. ಎಡಕ್ಕೂ ಬಲಕ್ಕೂ ಜಿಗಿದು ಅವನು ತಡೆದ ಚೆಂಡುಗಳನ್ನು ಲೆಕ್ಕ ಹಾಕಿದರೆ ಇಪ್ಪತ್ತು ಓಟವಾದರೂ ಉಳಿಸಿದ್ದ. ಕೊನೆಯ ಓವರಿನಲ್ಲಿ ಒಂದು ಚೆಂಡು ಅವನ ಕೈಗೆ ಬಂದು ಜಾರಿತು. ಪಂದ್ಯ ಹೋಯಿತು.

ಬೈಗುಳ ಬರುವುದು ನಿರೀಕ್ಷಿತವೇ. ಆದರೆ ಬೈಗುಳಗಳ ನಡುವೆ ಒಂದು ಮಾತು ಬೇರೆ ರೀತಿಯದಿತ್ತು. “ಬೇಕಂತನ ಬಿಟ್ಟಾನಲೇ, ಆ ಟೀಮಿನ್ಯಾಗ ಅವರ ಮಂದಿ ಅದಾರ” ಎಂದು ಒಬ್ಬ ಕೂಗಿದ. ಗಂಗಾವತಿ ತಂಡದಲ್ಲಿ ಆ ಹುಡುಗನ ಸಮುದಾಯದ ಇಬ್ಬರಿದ್ದರು, ಅಷ್ಟೇ. ಹುಡುಗ ತಲೆ ತಗ್ಗಿಸಿ ಚಪ್ಪಲಿ ಹುಡುಕಿಕೊಂಡು ಹೊರಟ. ನಾವು ಏನೂ ಹೇಳಲಿಲ್ಲ. ಸುತ್ತ ನಿಂತಿದ್ದ ಹಿರಿಯರೂ ಏನೂ ಹೇಳಲಿಲ್ಲ. ಆ ಮೌನವೇ ನಮ್ಮನ್ನು ಈ ಪ್ರಶ್ನೆಗೆ ಎಳೆತಂದಿದೆ: ಮನುಷ್ಯನನ್ನು ತೂಗುವಾಗ ನಾವು ತಕ್ಕಡಿಯಲ್ಲಿ ಏನನ್ನು ಇಡುತ್ತೇವೆ? ಅವನು ಮಾಡಿದ್ದೆಲ್ಲವನ್ನೋ, ಅಥವಾ ಅವನ ಕೈತಪ್ಪಿದ್ದನ್ನು ಮಾತ್ರವೋ?

ಈ ಪ್ರಶ್ನೆಗೆ ಜಗತ್ತಿನ ಕ್ರೀಡಾ ಇತಿಹಾಸದಲ್ಲಿ ಒಂದು ಕಣ್ಣು ತೆರೆಸುವ ಉದಾಹರಣೆಯಿದೆ. ಅದು ನಮ್ಮ ಕಡೆ ಅಷ್ಟಾಗಿ ಪರಿಚಯವಿಲ್ಲದ ಬೇಸ್‌ಬಾಲ್ ಆಟದ್ದು. ಆ ಆಟದಲ್ಲಿ ಚೌಕಾಕಾರದ ಅಂಗಳದ ಮೂಲೆಗಳಲ್ಲಿ ಬೇಸ್‌ಗಳಿರುತ್ತವೆ. ಬ್ಯಾಟು ಬೀಸಿದವನು ಅವುಗಳನ್ನು ಒಂದೊಂದಾಗಿ ಮುಟ್ಟುತ್ತಾ ಸುತ್ತು ಬಂದರೆ ಒಂದು ಓಟ. ಆ ಬೇಸ್‌ಗಳ ಹತ್ತಿರ ನಿಂತು ನೆಲದಲ್ಲಿ ಸಿಡಿದು ಬರುವ ಚೆಂಡನ್ನು ತಡೆದು ಎಸೆಯುವ ನಾಲ್ವರನ್ನು ಇನ್‌ಫೀಲ್ಡರ್‌ಗಳೆನ್ನುತ್ತಾರೆ. ಕ್ರಿಕೆಟ್ಟಿನಲ್ಲಿ ಕೈಬಿಟ್ಟ ಕ್ಯಾಚು ಅಂಕಪಟ್ಟಿಯಲ್ಲಿ ಕಾಣಿಸುವುದಿಲ್ಲ. ಬೇಸ್‌ಬಾಲಿನಲ್ಲಿ ಹಾಗಲ್ಲ. ಅಲ್ಲಿನ ಫಲಕದಲ್ಲಿ ಓಟ, ಹೊಡೆತಗಳ ಪಕ್ಕದಲ್ಲೇ ‘ತಪ್ಪು’ ಎಂಬ ಮೂರನೆಯ ಅಂಕಣವಿದೆ. ಯಾರು ತಪ್ಪಿದರೆಂಬುದೂ ದಾಖಲಾಗುತ್ತದೆ.

ಬಿಲ್ ಬಕ್ನರ್ ಅಂಥ ಒಬ್ಬ ಇನ್‌ಫೀಲ್ಡರ್. 1968ರಲ್ಲಿ, ಹದಿನೆಂಟರ ವಯಸ್ಸಿನಲ್ಲಿ, ಅವರನ್ನು ಲಾಸ್ ಏಂಜಲೀಸ್ ಡಾಡ್ಜರ್ಸ್ ತಂಡ ಆರಿಸಿಕೊಂಡಿತು. ಅಮೆರಿಕದಲ್ಲಿ ಹೀಗೆ ಆಯ್ಕೆಯಾದವರು ನೇರವಾಗಿ ದೊಡ್ಡ ಮೈದಾನಕ್ಕೆ ಇಳಿಯುವುದಿಲ್ಲ. ಸಣ್ಣ ಊರುಗಳ ಕಿರಿಯ ಲೀಗ್‌ಗಳಲ್ಲಿ ಮೆಟ್ಟಿಲು ಮೆಟ್ಟಿಲಾಗಿ ಏರಬೇಕು. ರಾತ್ರಿಯಿಡೀ ಬಸ್ ಪ್ರಯಾಣ, ಬಾಡಿಗೆಗೂ ಸಾಲದ ಸಂಬಳ. ಆ ಆಟಗಾರರಿಗೆ ಮೊದಲ ಸಾಮೂಹಿಕ ವೇತನ ಒಪ್ಪಂದವಾದದ್ದೇ 2023ರಲ್ಲಿ. ಬಹುತೇಕರು ಅರ್ಧ ದಾರಿಯಲ್ಲೇ ಮನೆಗೆ ಮರಳುತ್ತಾರೆ. ಬಕ್ನರ್ ಮರಳಲಿಲ್ಲ. 1975ರಲ್ಲಿ ಕಾಲಿನ ಕೀಲಿಗೆ ಪೆಟ್ಟಾಯಿತು. ಮೊದಲಿನಂತೆ ಹೊರ ಅಂಗಳದಲ್ಲಿ ಓಡಲಾಗದೆ ಮೊದಲ ಬೇಸಿನ ಕಾವಲಿಗೆ ಬಂದರು. 1980ರಲ್ಲಿ ತಮ್ಮ ಲೀಗಿನ ಬ್ಯಾಟಿಂಗ್ ಪ್ರಶಸ್ತಿ ಗೆದ್ದರು. 1985ರಲ್ಲಿ, ಎಸೆದು ಔಟ್ ಮಾಡಲು ನೆರವಾಗುವುದರಲ್ಲಿ ಮೊದಲ ಬೇಸಿನ ಆಟಗಾರರ ಪೈಕಿ ಹೊಸ ದಾಖಲೆಯನ್ನೇ ಬರೆದರು: ಒಂದೇ ಋತುವಿನಲ್ಲಿ 184. ಒಟ್ಟು 22 ಋತುಗಳು, 2,715 ಹಿಟ್‌ಗಳು.

ಆದರೆ ಜನ ನೆನಪಿಟ್ಟುಕೊಂಡದ್ದು ಇದಾವುದನ್ನೂ ಅಲ್ಲ. 1986ರ ಅಕ್ಟೋಬರ್ 25ರ ರಾತ್ರಿ ವಿಶ್ವ ಸರಣಿಯ ಆರನೆಯ ಪಂದ್ಯ. 1918ರ ನಂತರ ಒಮ್ಮೆಯೂ ಪ್ರಶಸ್ತಿ ಗೆಲ್ಲದಿದ್ದ ಬೋಸ್ಟನ್ ತಂಡಕ್ಕೆ ಗೆಲುವು ಕೈಗೆಟುಕುವಷ್ಟು ಹತ್ತಿರವಿತ್ತು. ಎದುರಾಳಿ ನ್ಯೂಯಾರ್ಕ್ ಮೆಟ್ಸ್ ಸಾಲಾಗಿ ಹೊಡೆದರು. ಬೋಸ್ಟನ್ ಎಸೆತಗಾರನ ಒಂದು ದಿಕ್ಕೆಟ್ಟ ಎಸೆತದಿಂದ ಪಂದ್ಯ ಸಮವಾಯಿತು. ಆಮೇಲೆ ಮೂಕಿ ವಿಲ್ಸನ್ ಹೊಡೆದ ಚೆಂಡು ನೆಲದಲ್ಲಿ ಉರುಳುತ್ತಾ ಬಂದು ಬಕ್ನರ್ ಅವರ ಕಾಲುಗಳ ನಡುವೆ ದಾಟಿಹೋಯಿತು. ಅಷ್ಟು ಹೊತ್ತಿಗೆ ಗೆಲುವು ಆಗಲೇ ಕೈಜಾರಿತ್ತು ಎಂಬುದನ್ನು ಗಮನಿಸಬೇಕು. ಏಳನೆಯ ಪಂದ್ಯ ಇನ್ನೂ ಬಾಕಿಯಿತ್ತು, ಅದನ್ನೂ ಇಡೀ ತಂಡ ಸೇರಿಯೇ ಸೋತಿತು. ಆದರೂ ಪಾಪದ ಮೂಟೆಯನ್ನು ಒಬ್ಬನ ತಲೆಗೆ ಕಟ್ಟಲಾಯಿತು. ಕೊಲೆ ಬೆದರಿಕೆಗಳು ಬಂದವು. ಮಕ್ಕಳ ಮುಂದೆ ಅವಮಾನವಾಯಿತು. ಕೊನೆಗೆ ಅವರು ದೂರದ ಇಡಾಹೊ ರಾಜ್ಯಕ್ಕೆ ಹೋಗಿ ನೆಲೆಸಿದರು.

ಇಲ್ಲಿ ಬೇಸ್‌ಬಾಲಿನ ಒಂದು ನಿಯಮವನ್ನು ಓದುಗರ ಗಮನಕ್ಕೆ ತರಲು ಬಯಸುತ್ತೇವೆ. ಸಾಧಾರಣ ಪ್ರಯತ್ನದಿಂದ ಸಾಧ್ಯವಿದ್ದದ್ದು ಕೈತಪ್ಪಿದರೆ ಮಾತ್ರ ಅದು ತಪ್ಪೆಂದು ದಾಖಲಾಗುತ್ತದೆ. ಚೆಂಡಿನ ಹತ್ತಿರವೇ ಹೋಗದವನಿಗೆ ಸಾಮಾನ್ಯವಾಗಿ ತಪ್ಪಿಲ್ಲ. ಅಂದರೆ ನಿಂತಲ್ಲೇ ನಿಂತವನ ಪಟ್ಟಿ ಸ್ವಚ್ಛವಾಗಿರುತ್ತದೆ. ಚುರುಕಾಗಿ ಓಡಿ ದೂರದ ಚೆಂಡಿಗೂ ಕೈಹಾಕುವವನ ಹೆಸರಿನ ಮುಂದೆ ತಪ್ಪುಗಳು ಹೆಚ್ಚುತ್ತವೆ. ಇದು ಆಟದ ಮಾತು ಮಾತ್ರವೇ? ನಮ್ಮ ಊರುಗಳನ್ನೇ ನೋಡಿ. ಮೊಹಲ್ಲಾದ ಜಗಳ ಬಿಡಿಸಲು ನಡುವೆ ಹೋದವನು ಎರಡೂ ಕಡೆಯಿಂದ ಬೈಸಿಕೊಳ್ಳುತ್ತಾನೆ. ಶಾಲೆ ಕಟ್ಟಲು ಚಂದಾ ಎತ್ತಿದವನ ಲೆಕ್ಕವನ್ನು ಎಲ್ಲರೂ ಕೇಳುತ್ತಾರೆ. ಮನೆಯ ಬಾಗಿಲು ಹಾಕಿಕೊಂಡು ಕುಳಿತವನ ಮೇಲೆ ಒಂದು ದೂರೂ ಇರುವುದಿಲ್ಲ. ಅವನು ನಿರ್ದೋಷಿ ನಿಜ. ಆದರೆ ಆ ನಿರ್ದೋಷದಿಂದ ಯಾರಿಗೆ ಏನು ಲಾಭವಾಯಿತು?

ಹಾಗಾದರೆ ತಪ್ಪಿಗೆ ಹೊಣೆಯೇ ಬೇಡವೇ ಎಂದು ಯಾರಾದರೂ ಕೇಳಬಹುದು. ನ್ಯಾಯವಾದ ಪ್ರಶ್ನೆ. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಜಲಾಶಯದ 19ನೆಯ ಗೇಟಿನ ಸರಪಳಿ ತುಂಡಾಗಿ ಗೇಟು ಕೊಚ್ಚಿಹೋದಾಗ ಗಂಗಾವತಿಯ ಭತ್ತದ ರೈತರು ನಿದ್ದೆಗೆಟ್ಟರು. ಹರಿಯುವ ನೀರಿನ ನಡುವೆಯೇ, ತಜ್ಞ ಕನ್ನಯ್ಯ ನಾಯ್ಡು ಅವರ ಮಾರ್ಗದರ್ಶನದಲ್ಲಿ ಒಂದು ವಾರದೊಳಗೆ ತಾತ್ಕಾಲಿಕ ಗೇಟು ಕೂರಿಸಿದರು. ಸರಪಳಿ ಯಾಕೆ ತುಂಡಾಯಿತು, ನಿರ್ವಹಣೆ ಸರಿಯಿತ್ತೇ ಎಂದು ಕೇಳುವುದು ರೈತರ ಹಕ್ಕು. ಬೇಕಾದಷ್ಟು ಸಮಯವಿದ್ದೂ ಮಾಡಬೇಕಾದ ಕೆಲಸವನ್ನು ಮಾಡದಿರುವುದು ನಿರ್ಲಕ್ಷ್ಯ. ಪೂರ್ತಿ ಪ್ರಯತ್ನದ ನಡುವೆ ಕಣ್ಣುರೆಪ್ಪೆ ಮಿಟುಕುವಷ್ಟರಲ್ಲಿ ಆಗಿಹೋಗುವುದು ಕೈತಪ್ಪು. ಮೊದಲನೆಯದಕ್ಕೆ ಲೆಕ್ಕ ಕೇಳಬೇಕು, ಎರಡನೆಯದಕ್ಕೆ ಹೆಗಲು ಕೊಡಬೇಕು. ದುರಂತವೆಂದರೆ ನಾವು ಮಾಡುವುದು ತಿರುಗುಮುರುಗು. ದೊಡ್ಡ ನಿರ್ಲಕ್ಷ್ಯಗಳನ್ನು ಹಣೆಬರಹವೆಂದು ಮರೆಯುತ್ತೇವೆ, ಬಡ ಹುಡುಗನ ಕೈತಪ್ಪನ್ನು ಅಪರಾಧವೆಂದು ನೆನಪಿಡುತ್ತೇವೆ.

ಇದಕ್ಕಿಂತ ಭೀಕರವಾದ ಇನ್ನೊಂದು ಅನ್ಯಾಯವಿದೆ. ಒಬ್ಬನ ಕೈತಪ್ಪನ್ನು ಅವನ ಸಮುದಾಯದ ಖಾತೆಗೆ ಬರೆಯುವುದು. 2021ರ ಅಕ್ಟೋಬರ್ 24ರಂದು ದುಬೈಯಲ್ಲಿ ಭಾರತ ಪಾಕಿಸ್ತಾನದೆದುರು ಹತ್ತು ವಿಕೆಟ್‌ಗಳಿಂದ ಸೋತಿತು. ಆ ದಿನ ಭಾರತದ ಯಾವ ಬೌಲರಿಗೂ ಒಂದು ವಿಕೆಟೂ ಸಿಗಲಿಲ್ಲ. ಆದರೆ ದೇಶನಿಷ್ಠೆಯ ಪ್ರಶ್ನೆ ಎದ್ದದ್ದು ಮುಹಮ್ಮದ್ ಶಮಿಯ ಮೇಲೆ ಮಾತ್ರ. ಮರುವರ್ಷ ಸೆಪ್ಟೆಂಬರ್ 4ರಂದು ಅದೇ ಊರಿನಲ್ಲಿ ಅರ್ಶ್‌ದೀಪ್ ಸಿಂಗ್ ಒಂದು ಕ್ಯಾಚ್ ಬಿಟ್ಟಾಗ ಅವರನ್ನು ಖಲಿಸ್ತಾನಿ ಎಂದು ಜರೆದರು. ಕ್ಯಾಚ್ ಬಿಡದ ಆಟಗಾರ ಜಗತ್ತಿನಲ್ಲಿ ಇದ್ದಾನೆಯೇ? ಟೆಸ್ಟಿನಲ್ಲಿ 210 ಕ್ಯಾಚ್ ಹಿಡಿದು, 2025ರಲ್ಲಿ ಜೋ ರೂಟ್ ದಾಟುವವರೆಗೂ ದಾಖಲೆ ಹೊಂದಿದ್ದ ನಮ್ಮ ರಾಹುಲ್ ದ್ರಾವಿಡ್ ಕೈಯಿಂದಲೂ ಚೆಂಡು ಜಾರಿದ್ದುಂಟು. ಆಗ ಯಾರೂ ಅವರ ಕುಲವನ್ನು ಕೇಳಲಿಲ್ಲ, ಕೇಳಬಾರದು ಕೂಡಾ. ಅದೇ ಸೌಜನ್ಯ ಎಲ್ಲರಿಗೂ ಸಲ್ಲಬೇಕು. ಶಮಿಯ ಪರವಾಗಿ ನಾಯಕ ವಿರಾಟ್ ಕೊಹ್ಲಿ ಬಹಿರಂಗವಾಗಿ ಮಾತಾಡಿದರು. ಅರ್ಶ್‌ದೀಪ್‌ಗೆ ತಂಡ ಮತ್ತೆ ಮತ್ತೆ ಅವಕಾಶ ನೀಡಿತು, 2024ರ ಟಿ-20 ವಿಶ್ವಕಪ್ಪಿನಲ್ಲಿ ಅವರು 17 ವಿಕೆಟ್ ಪಡೆದರು.

ಬೋಸ್ಟನ್ ಜನರೂ ಕೊನೆಗೆ ಬಕ್ನರ್ ಅವರನ್ನು ಕ್ಷಮಿಸಿದರು. 2008ರ ಏಪ್ರಿಲ್ 8ರಂದು ತವರು ಮೈದಾನದಲ್ಲಿ ಮೊದಲ ಚೆಂಡು ಎಸೆಯಲು ಅವರನ್ನು ಕರೆದಾಗ ಜನ ಎದ್ದುನಿಂತು ಚಪ್ಪಾಳೆ ತಟ್ಟಿದರು. ಅವರು ಕಣ್ಣೊರೆಸಿಕೊಂಡರು. ಆದರೆ ಅಷ್ಟರಲ್ಲಿ ಬೋಸ್ಟನ್ 2004 ಮತ್ತು 2007ರಲ್ಲಿ ಪ್ರಶಸ್ತಿ ಗೆದ್ದಾಗಿತ್ತು. ಗೆದ್ದ ಮೇಲೆ, ಹೊಟ್ಟೆ ತುಂಬಿದ ಮೇಲೆ ಕೊಟ್ಟ ಕ್ಷಮೆ ಅದು. ಅದನ್ನು ಅಲ್ಲಗಳೆಯುವುದಿಲ್ಲ. ಆದರೆ ನೋವು ಇನ್ನೂ ಹಸಿಯಾಗಿದ್ದಾಗ ಕೊಡುವ ಕ್ಷಮೆಯ ಬೆಲೆಯೇ ಬೇರೆ. ಇದಕ್ಕಿಂತ ನಮ್ಮನ್ನು ಹೆಚ್ಚು ತಟ್ಟಿದ್ದು, ಚೆಂಡು ಹೊಡೆದ ಮೂಕಿ ವಿಲ್ಸನ್ ಮತ್ತು ಚೆಂಡು ತಪ್ಪಿದ ಬಕ್ನರ್ ಮುಂದೆ ಗೆಳೆಯರಾದದ್ದು. 2019ರಲ್ಲಿ ಬಕ್ನರ್ ತೀರಿಕೊಂಡರು.

ನಮ್ಮ ತಾಲೂಕುಗಳ ಹುಡುಗರ ದಾರಿ ಬಕ್ನರ್ ಅವರ ದಾರಿಗಿಂತಲೂ ಕಡಿದಾದದ್ದು. ಪಕ್ಕದ ಗದಗಿನ ಸುನಿಲ್ ಜೋಶಿ ಹುಡುಗನಾಗಿದ್ದಾಗ ಬೆಳಗ್ಗೆ ಹುಬ್ಬಳ್ಳಿಗೆ ಹೋಗಿ ಅಭ್ಯಾಸ ಮಾಡಿ, ಶಾಲೆಯ ಹೊತ್ತಿಗೆ ಮರಳುತ್ತಿದ್ದರು. ಅವರು 15 ಟೆಸ್ಟ್ ಆಡಿದರು. ಆದರೆ ಮಳೆ ಕೈಕೊಟ್ಟ ವರ್ಷ ಅಪ್ಪ-ಅಮ್ಮನ ಜೊತೆ ಬೆಂಗಳೂರಿಗೋ ಗೋವಾಕ್ಕೋ ಗುಳೆ ಹೋಗುವ ಹುಡುಗನಿಗೆ ಆ ಮೊದಲ ಮೆಟ್ಟಿಲೂ ಸಿಗುವುದಿಲ್ಲ. ಅವನಿಗೆ ಸಿಗುವುದು ಸುಗ್ಗಿಯ ನಂತರದ ಆ ಬಯಲು, ಆ ಒಂದು ಸಂಜೆ. ಅದನ್ನೂ ನಾವು ಕಸಿದುಕೊಂಡರೆ ಹೇಗೆ?

ಆ ಪಂದ್ಯದ ಮರುವಾರ ನಾವು ಆ ಹಳ್ಳಿಯವರೊಬ್ಬರಲ್ಲಿ ಹುಡುಗನ ಬಗ್ಗೆ ವಿಚಾರಿಸಿದೆವು. “ಆಟಕ್ಕ ಬರೂದು ಬಿಟ್ಟಾನ್ರೀ, ಕೆಲಸಕ್ಕ ಹೊಂಟಾನ” ಎಂದರು. ಅಂದು ಒಬ್ಬ ಹಿರಿಯ ಮುಂದೆ ಹೋಗಿ “ಇರ್ಲಿ ಬಿಡೋ ತಮ್ಮಾ, ಇಪ್ಪತ್ತು ರನ್ ಉಳಿಸೀದಿ” ಎಂದಿದ್ದರೆ ಸಾಕಾಗಿತ್ತು. ಆ ಮಾತು ನಮ್ಮ ನಾಲಿಗೆಯ ತುದಿಯಲ್ಲಿತ್ತು. ನಾವು ನಿಂತಲ್ಲೇ ನಿಂತೆವು. ನಮ್ಮ ಹೆಸರಿನ ಮುಂದೆ ಯಾವ ತಪ್ಪೂ ದಾಖಲಾಗಲಿಲ್ಲ.