ಬಿದ್ದವನನ್ನು ಕಂಡು ನಗಬಹುದೇ?

ಬಿದ್ದವರನ್ನು ಕಂಡು ನಗಬಾರದೆಂದು ನಾವು ಮಕ್ಕಳಿಗೆ ಬುದ್ಧಿ ಹೇಳುತ್ತೇವೆ. ಆದರೆ ಮೂಕಿ ಚಿತ್ರಗಳ ಕಾಲದ ಕಿರು ಹಾಸ್ಯಚಿತ್ರಗಳ ಮುಂದೆ ಅದೇ ಮಕ್ಕಳೊಡನೆ ಕುಳಿತು ಹೊಟ್ಟೆ ಹುಣ್ಣಾಗುವಂತೆ ನಗುತ್ತೇವೆ. ಅಲ್ಲಿ ಏಣಿ ಜಾರುತ್ತದೆ, ಗೋಡೆ ಉರುಳುತ್ತದೆ, ಮನುಷ್ಯ ಮುಗ್ಗರಿಸುತ್ತಾನೆ. ಈ ನಗು ನಿರ್ದೋಷವೇ?

1920ರಲ್ಲಿ ತೆರೆಕಂಡ ಬಸ್ಟರ್ ಕೀಟನ್‌ನ ‘ಒನ್ ವೀಕ್’ ಚಿತ್ರವನ್ನೇ ನೋಡೋಣ. ನವದಂಪತಿಗಳಿಗೆ ಬಿಡಿಭಾಗಗಳ ಮನೆಯೊಂದು ಪೆಟ್ಟಿಗೆಗಳಲ್ಲಿ ಉಡುಗೊರೆಯಾಗಿ ಬರುತ್ತದೆ. ವಧುವನ್ನು ಬಯಸಿ ನಿರಾಶನಾದವನೊಬ್ಬ ಪೆಟ್ಟಿಗೆಗಳ ಸಂಖ್ಯೆಗಳನ್ನು ತಿದ್ದುತ್ತಾನೆ. ಮನೆ ಸೊಟ್ಟಗೆ ಎದ್ದು ನಿಲ್ಲುತ್ತದೆ. ಬಿರುಗಾಳಿಗೆ ಬುಗುರಿಯಂತೆ ತಿರುಗುತ್ತದೆ. ಕೊನೆಗೆ ರೈಲಿಗೆ ಸಿಕ್ಕಿ ನುಚ್ಚುನೂರಾಗುತ್ತದೆ.

ಸುಂಟಿಕೊಪ್ಪದ ಸುತ್ತಮುತ್ತ ಬಾಳುವವರಿಗೆ ಮನೆ ಕುಸಿಯುವುದು ಬರಿಯ ತಮಾಷೆಯಲ್ಲ. 2018ರ ಆಗಸ್ಟ್ ತಿಂಗಳಲ್ಲಿ ಮಾದಾಪುರ, ಹಟ್ಟಿಹೊಳೆ, ಮಕ್ಕಂದೂರುಗಳ ಕಡೆ ಬೆಟ್ಟಗಳು ಜರಿದು ಎಷ್ಟೋ ಮನೆಗಳು ಮಣ್ಣುಪಾಲಾದವು. ಆ ದಿನಗಳಲ್ಲಿ ಕೊಡಗಿನ ಮನೆಯೊಂದು ಇಳಿಜಾರಿನಲ್ಲಿ ಕುಸಿದುಹೋಗುವ ದೃಶ್ಯ ಮೊಬೈಲುಗಳಲ್ಲಿ ಹರಿದಾಡಿತು. ಅದೂ ಕೆಲವೇ ಕ್ಷಣಗಳ ಚಲಿಸುವ ಚಿತ್ರ. ಅಲ್ಲಿಯೂ ಉರುಳಿದ್ದು ಮನೆಯೇ. ಆದರೆ ಅದನ್ನು ಕಂಡಾಗ ಗಂಟಲು ಕಟ್ಟಿತು.

ಒಂದು ನಟನೆ, ಇನ್ನೊಂದು ನಿಜ ಎಂದಷ್ಟೇ ಹೇಳಿದರೆ ಸಾಲದು. ಜಾರಿಬಿದ್ದ ಅಪರಿಚಿತರ ನಿಜವಾದ ದೃಶ್ಯಗಳನ್ನು ಹಂಚಿಕೊಂಡು ನಗುವವರು ಇಂದು ಕಡಿಮೆಯಿಲ್ಲ. ವ್ಯತ್ಯಾಸ ಬೇರೆಡೆ ಇದೆ. ಬಾಲ್ಯದಿಂದಲೇ ರಂಗದ ಮೇಲೆ ಬೀಳುವುದನ್ನು ಕಲಿತ ಕೀಟನ್ ನಮ್ಮ ನಗುವಿಗಾಗಿ ತನ್ನ ಮೈಯನ್ನೇ ಒಡ್ಡಿದವನು. ಆ ನಗು ಅವನು ತಾನಾಗಿ ಕೊಟ್ಟ ಕಾಣಿಕೆ. ಕದ್ದು ಸೆರೆಹಿಡಿದ ದೃಶ್ಯದಲ್ಲಿ ಬಿದ್ದವನು ಏನನ್ನೂ ಕೊಟ್ಟಿಲ್ಲ, ನಾವೇ ಕಸಿದುಕೊಂಡಿದ್ದೇವೆ.

ಇನ್ನೊಂದು ಮಾತಿದೆ. ‘ಒನ್ ವೀಕ್’ ಚಿತ್ರದ ಕೊನೆಯಲ್ಲಿ ಕೀಟನ್ ಭಗ್ನಾವಶೇಷದ ಮೇಲೆ ‘ಮಾರಾಟಕ್ಕಿದೆ’ ಎಂಬ ಫಲಕವಿಟ್ಟು, ಜೋಡಣೆಯ ಸೂಚನೆಯನ್ನೂ ಅದಕ್ಕೆ ಸಿಕ್ಕಿಸಿ, ಹೆಂಡತಿಯ ಕೈಹಿಡಿದು ನಡೆದುಬಿಡುತ್ತಾನೆ. ಮನೆ ಹೋಯಿತು, ಮನೆತನ ಉಳಿಯಿತು. ನಾವು ನಗುವುದು ಅವನ ಸೋಲಿಗಲ್ಲ. ಸೋಲು ಅವನನ್ನು ಮುಗಿಸಲಾರದೆಂಬ ಸಮಾಧಾನಕ್ಕೆ. ಎಲ್ಲವನ್ನೂ ಕಳೆದುಕೊಂಡವರಿಗೆ ಈ ಸಮಾಧಾನ ತಡವಾಗಿ ಬರುತ್ತದೆ. ಕೆಲವರಿಗೆ ಬರದೆಯೂ ಇರಬಹುದು. ಅವರ ಪರವಾಗಿ ನಾವು ಮೊದಲೇ ನಗುವಂತಿಲ್ಲ.

ಮಳೆಗಾಲದಲ್ಲಿ ನಮ್ಮ ಕಾಫಿತೋಟಗಳ ಏರುಹಾದಿಯಲ್ಲಿ ಕಾಲು ಜಾರದವರು ಯಾರಿದ್ದಾರೆ? ಬಿದ್ದವನಿಗೆ ಮೊದಲು ಕೈ ನೀಡೋಣ. ಎದ್ದು ಕೆಸರು ಒರೆಸಿಕೊಂಡು ಅವನೇ ನಕ್ಕರೆ, ಆಗ ಅವನೊಡನೆ ಮನಸಾರೆ ನಗೋಣ.