ನಿಂದ್ರೋದೇ ಭಾಳ್ ಅದ

ವೈಜನಾಥ ಬಿರಾದಾರರ ಮುಖ ನೋಡದ ಕನ್ನಡ ಪ್ರೇಕ್ಷಕ ಸಿಗುವುದು ಕಷ್ಟ. ಹೆಸರು ಹೇಳಿದರೆ ಮಾತ್ರ ಬಹಳ ಮಂದಿ ಒಂದು ಗಳಿಗೆ ಯೋಚಿಸುತ್ತಾರೆ. ಬತ್ತಿದ ಗಲ್ಲ, ಕಡ್ಡಿಯಂಥ ಮೈ. ಸಂತೆಯಲ್ಲಿ ಕೈ ಚಾಚುವ ಭಿಕ್ಷುಕ, ಸರಾಯಿ ಅಂಗಡಿ ಮುಂದೆ ತೂರಾಡುವ ಕುಡುಕ. ನಾಯಕ ಹಾದುಹೋಗುವಾಗ ಒಂದು ಮಾತು ಅಂದು ಪಕ್ಕಕ್ಕೆ ಸರಿದುಬಿಡುತ್ತಿದ್ದರು. ಹೀಗೆ ಅವರು ಬಂದುಹೋದ ಚಿತ್ರಗಳ ಸಂಖ್ಯೆ ಐದುನೂರರ ಹತ್ತಿರ ಎನ್ನುತ್ತಾರೆ.

ಬಿರಾದಾರರು ಬೀದರ ಜಿಲ್ಲೆಯ ಭಾಲ್ಕಿ ಕಡೆಯವರು. ಚಿಂಚೋಳಿ ದಾಟಿ ಉತ್ತರಕ್ಕೆ ಹೊರಟರೆ ಹುಮನಾಬಾದ್, ಅದರಾಚೆ ಭಾಲ್ಕಿ. ಹಾಗಾಗಿ ಸೇಡಂ, ಚಿತ್ತಾಪುರ, ವಾಡಿ, ಶಹಾಬಾದಿನ ನಮಗೆಲ್ಲ ಅವರು ತೆರೆಯ ಮೇಲೆ ಬಾಯಿ ತೆರೆದರೆ ಸಾಕು, ಓಣಿಯ ಮನುಷ್ಯನೇ ಬಂದಂತಾಗುತ್ತಿತ್ತು. ನಮ್ಮ ಕಡೆಯ ಮಾತು ಕನ್ನಡ ಸಿನಿಮಾದಲ್ಲಿ ಬಹುಕಾಲ ನಗಿಸಲಿಕ್ಕಷ್ಟೇ ಬರುತ್ತಿತ್ತು. ನಾಯಕ ಪ್ರೀತಿಸುವುದು, ತಾಯಿ ಅಳುವುದು, ಸಾಹೇಬರು ತೀರ್ಪು ಕೊಡುವುದು ಎಲ್ಲ ಮೈಸೂರು-ಬೆಂಗಳೂರಿನ ಕನ್ನಡದಲ್ಲಿ. ಆಳು, ಕುಡುಕ, ಹಳ್ಳಿಗುಗ್ಗು ಬಂದಾಗ ಮಾತ್ರ ನಮ್ಮ ಮಾತು. ಇದು ನನ್ನನ್ನು ಇಂದಿಗೂ ನೋಯಿಸುತ್ತದೆ. ಆದರೂ ಆ ಎರಡು ನಿಮಿಷಕ್ಕಾಗಿ ಟಾಕೀಸಿನಲ್ಲಿ ನಮ್ಮವರು ಕಾಯುತ್ತಿದ್ದರು. ಬಿರಾದಾರರು ಬಂದರೆ ನಗು ಏಳುತ್ತಿತ್ತು. ಆ ನಗುವಿನಲ್ಲಿ ಗುರುತು ಸಿಕ್ಕ ಸಂತೋಷವೂ ಬೆರೆತಿರುತ್ತಿತ್ತು.

ಆಮೇಲೆ ಗಿರೀಶ ಕಾಸರವಳ್ಳಿಯವರ ‘ಕನಸೆಂಬ ಕುದುರೆಯನೇರಿ’ ಬಂತು. ರಾಯಚೂರು ಸೀಮೆಯ ಅಮರೇಶ ನುಗಡೋಣಿಯವರ ‘ಸವಾರಿ’ ಕತೆಯ ಮೇಲೆ ಮಾಡಿದ ಚಿತ್ರ. ಊರಿನಲ್ಲಿ ಕುಣಿ ತೋಡುವ ಈರ್ಯಾ ಅದರ ನಾಯಕ. ಅವನ ಕನಸಿನಲ್ಲಿ ಸಿದ್ಧ ಕಾಣಿಸಿಕೊಂಡರೆ ಊರಲ್ಲಿ ಯಾರೋ ತೀರಿಕೊಂಡರು ಎಂದೇ ಅರ್ಥ, ಅದು ಒಮ್ಮೆಯೂ ಸುಳ್ಳಾಗಿಲ್ಲ ಎಂದು ಅವನ ನಂಬಿಕೆ. ಒಂದು ಸಲ ಸಿದ್ಧ ಬರುತ್ತಾನೆ, ಸಾವಿನ ಸುದ್ದಿ ಮಾತ್ರ ಹೊರಬೀಳುವುದಿಲ್ಲ. ದೊಡ್ಡ ಮನೆಯವರು ಸಾವನ್ನು ಮುಚ್ಚಿಟ್ಟಿದ್ದಾರೆ. ಈರ್ಯಾನಿಗೆ ಅದು ಗೊತ್ತಿಲ್ಲ. ತನ್ನ ಕನಸೇ ತನಗೆ ಕೈಕೊಟ್ಟಿತೇ ಎಂದು ಅವನು ಒಳಗೊಳಗೇ ಕುಸಿಯುತ್ತಾನೆ. ಈ ಈರ್ಯಾನ ಪಾತ್ರವನ್ನು ಕಾಸರವಳ್ಳಿ ಬಿರಾದಾರರಿಗೆ ಕೊಟ್ಟರು. ಅವನ ಹೆಂಡತಿ ರುದ್ರಿಯಾಗಿ ಉಮಾಶ್ರೀ. ಚಿತ್ರಕ್ಕೆ 2009ನೇ ಸಾಲಿನ ಶ್ರೇಷ್ಠ ಕನ್ನಡ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಸಿಕ್ಕಿತು. 2011ರಲ್ಲಿ ಸ್ಪೇನ್ ದೇಶದ ಇಮ್ಯಾಜಿನ್ ಇಂಡಿಯಾ ಚಿತ್ರೋತ್ಸವದಲ್ಲಿ ಬಿರಾದಾರರು ಶ್ರೇಷ್ಠ ನಟರಾದರು.

ಪ್ರಶಸ್ತಿಯ ಸುದ್ದಿ ಓದಿ ಹೆಮ್ಮೆಯಾಯಿತು. ಆದರೆ ನನ್ನ ಬೆರಗು ಬೇರೆ ಕಡೆಗೆ ಹರಿಯಿತು. ಈರ್ಯಾ ಒಂದೇ ದಿನದಲ್ಲಿ ಹುಟ್ಟಿದವನಲ್ಲ. ಆ ನೋಟ, ಅವಮಾನವಾದಾಗ ಕುತ್ತಿಗೆ ತಗ್ಗಿಸುವ ಆ ರೀತಿ, ಹಸಿದವನ ಆ ನಡಿಗೆ ಇಷ್ಟು ವರ್ಷ ಎಲ್ಲಿದ್ದವು? ಭಿಕ್ಷುಕನ ಎರಡು ನಿಮಿಷದಲ್ಲೂ ಇದ್ದವೇ? ಹಳೆಯ ಚಿತ್ರಗಳನ್ನು ಮತ್ತೆ ಹಾಕಿಕೊಂಡು ನೋಡಿದೆ. ಇದ್ದವು. ಕ್ಯಾಮೆರಾ ನಾಯಕನ ಕಡೆಗೆ ತಿರುಗುವ ಅವಸರದಲ್ಲಿತ್ತು, ನಮ್ಮ ಕಣ್ಣೂ ಅದರ ಹಿಂದೆಯೇ ಓಡುತ್ತಿತ್ತು, ಅಷ್ಟೆ.

ಇಂಥದ್ದನ್ನೇ ನಾನು ರಂಗದ ಮೇಲೂ ಕಂಡಿದ್ದೇನೆ. ಸೇಡಂ ತಾಲ್ಲೂಕಿನಲ್ಲಿ, ಮಳಖೇಡದ ಆಚೆ, ಕಾಗಿಣಾ ದಂಡೆಯ ಒಂದು ಹಳ್ಳಿಯಲ್ಲಿ ಜಾತ್ರೆಗೆ ನಾಟಕ ಆಡುತ್ತಾರೆ. ಪಟ್ಟಿ ಹೆಚ್ಚು ಕೊಟ್ಟವನಿಗೆ ಹೀರೊ ಪಾರ್ಟು, ಧ್ವನಿ ಗಟ್ಟಿಯಿದ್ದವನಿಗೆ ಗೌಡನ ಪಾರ್ಟು. ಹೆಣ್ಣು ಪಾತ್ರಕ್ಕೆ ಹೊರಗಿನಿಂದ ಕಲಾವಿದೆಯರನ್ನು ಕರೆಸುತ್ತಾರೆ. ಪೇಟಿ ಮಾಸ್ತರರು ತಿಂಗಳುಗಟ್ಟಲೆ ತಾಲೀಮು ಮಾಡಿಸುತ್ತಾರೆ. ಒಂದು ವರ್ಷ ಗೌಡನ ಮನೆಯ ಆಳಿನ ಪಾರ್ಟು ಬಂದದ್ದು ಪರಸಿ ಕಲ್ಲಿನ ಖಣಿಯಲ್ಲಿ ದುಡಿಯುವ, ಐವತ್ತು ದಾಟಿದ ಒಬ್ಬರಿಗೆ. ಬಣ್ಣ ಹಚ್ಚಿಕೊಳ್ಳುತ್ತಿದ್ದ ಅವರನ್ನು ಪಕ್ಕದ ಹುಡುಗ ಕೇಳಿದ: “ಕಾಕಾ, ನಿಮ್ಮವು ಮಾತು ಎಷ್ಟದಾವ್ರಿ?”

“ಮಾತೇನ್ ಭಾಳಿಲ್ಲಪ್ಪಾ, ನಿಂದ್ರೋದೇ ಭಾಳ್ ಅದ.”

ಅಂದು ರಾತ್ರಿ ಆ ನಿಂದ್ರೋದನ್ನು ಕಂಡೆ. ಗೌಡ ಮಗನನ್ನು ಮನೆಯಿಂದ ಹೊರಹಾಕುವ ದೃಶ್ಯ. ಗೌಡನ ಪಾತ್ರಧಾರಿ ಮೈಕಿನ ಹತ್ತಿರವೇ ನಿಂತು ಉದ್ದುದ್ದ ಮಾತು ಹೇಳುತ್ತಿದ್ದ. ಕಾಕಾ ಹಿಂದೆ, ಪಡದೆಗೆ ಹತ್ತಿಕೊಂಡಂತೆ, ಗೌಡನಿಗೆ ಕುಡಿಯಲಿಕ್ಕೆ ತಂದ ನೀರಿನ ಚಂಬು ಹಿಡಿದು ನಿಂತಿದ್ದರು. ಬೈಗುಳ ಶುರುವಾದಾಗ ಚಂಬು ಎರಡೂ ಕೈಯಲ್ಲಿತ್ತು. ಮಗನ ಹೆಸರು ಬಂದಾಗ ಒಂದು ಕೈ ಸಡಿಲಾಯಿತು. ಮಗ ಹೊಸ್ತಿಲು ದಾಟುವಾಗ ಕಾಕಾ ಅರ್ಧ ಹೆಜ್ಜೆ ಮುಂದಿಟ್ಟು, ಕೊಡಲೋ ಬೇಡವೋ ಎಂಬಂತೆ ಚಂಬನ್ನು ತುಸು ಎತ್ತಿ, ಗೌಡನ ಬೆನ್ನು ನೋಡಿ ಮತ್ತೆ ಎದೆಗೆ ಅವಚಿಕೊಂಡರು. ಆ ಮನೆಯಲ್ಲಿ ಆ ಹುಡುಗನನ್ನು ಎತ್ತಿ ಆಡಿಸಿದವರು ಯಾರು ಎಂಬುದನ್ನು ನಾಟಕ ಬರೆದವರು ಎಲ್ಲೂ ಬರೆದಿರಲಿಲ್ಲ. ಆ ಅರ್ಧ ಹೆಜ್ಜೆ ಹೇಳಿತು. ನನ್ನ ಮುಂದೆ ಕೂತ ಹೆಣ್ಣುಮಗಳೊಬ್ಬಳು ಗೌಡನ ಮಾತು ಬಿಟ್ಟು ಕಾಕಾನ ಕೈಯನ್ನೇ ನೋಡುತ್ತ ಸೆರಗಿನಿಂದ ಕಣ್ಣೊರೆಸಿಕೊಂಡಳು.

ಬರೆಯದ ಬದುಕನ್ನು ನಟ ತಾನೇ ತರಬೇಕಾಗುತ್ತದೆ ಎಂಬುದು ನನಗೆ ದೊಡ್ಡ ಸೋಜಿಗ. ನಾಯಕನಿಗೆ ಅಪ್ಪ-ಅಮ್ಮ, ಬಾಲ್ಯ, ಪ್ರೇಮ, ಹಗೆ ಎಲ್ಲವನ್ನೂ ಕತೆಯೇ ಕೊಡುತ್ತದೆ, ಅವನಿಗಾಗಿ ಹಾಡೂ ಬರೆಯುತ್ತದೆ. ಆಳಿಗೆ ಒಂದು ಚಂಬು ಕೊಟ್ಟು ಸುಮ್ಮನಾಗುತ್ತದೆ.

ಫ್ರಾನ್ಸಿನ ಮಾರ್ಸೆಲ್ ದಾಲಿಯೊ ಎಂಬ ನಟ ಇದೇ ಸೋಜಿಗವನ್ನು ಇನ್ನಷ್ಟು ಆಳಕ್ಕೆ ಒಯ್ದವರು. ನಿರ್ದೇಶಕ ಝಾನ್ ರೆನ್ವಾರ ‘ದಿ ಗ್ರ್ಯಾಂಡ್ ಇಲ್ಯೂಷನ್’ (1937) ಚಿತ್ರದಲ್ಲಿ ಜರ್ಮನರ ಸೆರೆಯಲ್ಲಿದ್ದು, ಮನೆಯಿಂದ ಬಂದ ತಿನಿಸನ್ನು ಜೊತೆಯವರಿಗೆಲ್ಲ ಹಂಚುವ ಯಹೂದಿ ಅಧಿಕಾರಿ ಅವರು. ‘ದಿ ರೂಲ್ಸ್ ಆಫ್ ದಿ ಗೇಮ್’ (1939) ಚಿತ್ರದ ಸಿರಿವಂತ ಮಾರ್ಕ್ವಿಸ್ ಕೂಡ ಅವರೇ. ತಾನು ಕೂಡಿಟ್ಟ ದೊಡ್ಡ ವಾದ್ಯಯಂತ್ರವನ್ನು ಅತಿಥಿಗಳಿಗೆ ತೋರಿಸುವಾಗ ಅವರ ಮುಖದಲ್ಲಿ ಹೆಮ್ಮೆಯೂ ನಾಚಿಕೆಯೂ ಒಟ್ಟಿಗೇ ಸುಳಿಯುತ್ತವೆ. ಮರುವರ್ಷ ನಾಜಿಗಳು ಪ್ಯಾರಿಸ್ಸಿಗೆ ಬಂದರು. ದಾಲಿಯೊ ಸ್ವತಃ ಯಹೂದಿ. ಯಹೂದಿಯ ಮುಖ ಹೀಗಿರುತ್ತದೆ ಎಂದು ತೋರಿಸುವ ಭಿತ್ತಿಪತ್ರಗಳಿಗೆ ನಾಜಿಗಳು ಅವರ ಚಿತ್ರವನ್ನೇ ಬಳಸಿದರು. ಅವರು ಹೆಂಡತಿ, ನಟಿ ಮ್ಯಾಡಲೀನ್ ಲೆಬೋ ಜೊತೆ ಲಿಸ್ಬನ್ ಹಾದಿಯಲ್ಲಿ ತಪ್ಪಿಸಿಕೊಂಡು ಅಮೆರಿಕ ಸೇರಿದರು. ಅವರ ಹೆತ್ತವರು ನಾಜಿ ಶಿಬಿರದಲ್ಲಿ ತೀರಿಕೊಂಡರು.

ಹಾಲಿವುಡ್ ಅವರಿಗೆ ‘ಕಾಸಾಬ್ಲಾಂಕಾ’ (1942) ಚಿತ್ರದಲ್ಲಿ ಜೂಜುಕಟ್ಟೆಯ ಚಕ್ರ ತಿರುಗಿಸುವವನ ಪಾತ್ರ ಕೊಟ್ಟಿತು. ಹೆಸರಿನ ಪಟ್ಟಿಯಲ್ಲೂ ಅವರಿಲ್ಲ. ನಿರಾಶ್ರಿತರ ಕತೆಯ ಆ ಚಿತ್ರದಲ್ಲಿ ನಾಯಕ ರಿಕ್, ದಾರಿಗೆಟ್ಟ ಒಬ್ಬ ಯುವಕನಿಗೆ ಇಪ್ಪತ್ತೆರಡರ ಮೇಲೆ ಹಣ ಕಟ್ಟು ಎನ್ನುತ್ತಾನೆ. ಚಕ್ರದ ಹತ್ತಿರ ನಿಂತ ದಾಲಿಯೊ ಕಡೆಗೆ ಒಂದು ನೋಟ. ಆ ನೋಟಕ್ಕೆ ದಾಲಿಯೊ ಮಾತಿನಲ್ಲಿ ಉತ್ತರಿಸುವುದಿಲ್ಲ. ಗೋಲಿ ಇಪ್ಪತ್ತೆರಡಕ್ಕೇ ಬೀಳುತ್ತದೆ. ಹಣ ಅಲ್ಲೇ ಬಿಡು ಎನ್ನುತ್ತಾನೆ ರಿಕ್. ಮತ್ತೊಂದು ನೋಟ, ಮತ್ತೆ ಇಪ್ಪತ್ತೆರಡು. ಆ ಯುವಕನೂ ಅವನ ಹೆಂಡತಿಯೂ ಊರು ಬಿಟ್ಟು ಪಾರಾಗಲಿಕ್ಕೆ ಬೇಕಾದ ಹಣ ಕೈಗೆ ಬರುತ್ತದೆ. ಓಡಿಬಂದ ಗಂಡ-ಹೆಂಡತಿಗೆ ದಾರಿ ಮಾಡಿಕೊಡುವ ಆ ಕೈ, ನಿಜವಾಗಿಯೂ ಹೆಂಡತಿಯೊಡನೆ ಓಡಿಬಂದವನ ಕೈ. ಚಿತ್ರ ಅದನ್ನು ಎಲ್ಲೂ ಹೇಳುವುದಿಲ್ಲ. ಗೊತ್ತಾದ ಮೇಲೆ ಆ ದೃಶ್ಯವನ್ನು ನನಗೆ ಮೊದಲಿನಂತೆ ನೋಡಲಾಗಲಿಲ್ಲ.

ಭಾಲ್ಕಿಯ ಬಿರಾದಾರರನ್ನೂ ಪ್ಯಾರಿಸ್ಸಿನ ದಾಲಿಯೊರನ್ನೂ ಒಂದೇ ಉಸಿರಿನಲ್ಲಿ ನೆನೆಯಲು ನನಗೆ ಸಂಕೋಚವಿಲ್ಲ. ಇಬ್ಬರ ದುಃಖ ಬೇರೆ, ಕಾಲ ಬೇರೆ. ನಿಂದ್ರುವ ಕಸುಬು ಒಂದೇ.

ಚಿತ್ತಾಪುರ ತಾಲ್ಲೂಕಿನ ಸನ್ನತಿಗೆ ಹೋದಾಗಲೂ ಇದೇ ಯೋಚನೆ ಬೆನ್ನುಹತ್ತಿತು. ಅಲ್ಲಿ ಭೀಮಾ ದಂಡೆಯ ಕನಗನಹಳ್ಳಿಯಲ್ಲಿ 1990ರ ದಶಕದ ಉತ್ಖನನದಲ್ಲಿ ದೊಡ್ಡ ಬೌದ್ಧ ಸ್ತೂಪ ಸಿಕ್ಕಿತು. ಅದರ ಸುಣ್ಣಕಲ್ಲಿನ ಒಂದು ಫಲಕದಲ್ಲಿ ಅರಸ ರಾಣಿಯೊಡನೆ ನಿಂತಿದ್ದಾನೆ, ಬ್ರಾಹ್ಮೀ ಲಿಪಿಯಲ್ಲಿ ‘ರಾಯ ಅಸೋಕೋ’ ಎಂದು ಕೊರೆದಿದೆ. ಸಾಮ್ರಾಟ ಅಶೋಕನ ಹೆಸರು ಹೊತ್ತ ಶಿಲ್ಪವೆಂದು ಜಗತ್ತಿನ ವಿದ್ವಾಂಸರು ಅದನ್ನು ನೋಡಲು ಬರುತ್ತಾರೆ. ನನ್ನ ಕಣ್ಣು ಅರಸನ ಬದಿಯಲ್ಲಿ ಛತ್ರಿ, ಚಾಮರ ಹಿಡಿದ ಹೆಣ್ಣುಮಕ್ಕಳ ಮೇಲೆ ನಿಂತಿತು. ಅವರ ಹೆಸರು ಕೊರೆದಿಲ್ಲ. ಆದರೆ ಅವರಿಲ್ಲದಿದ್ದರೆ ಅಲ್ಲಿ ನಿಂತವನು ಅರಸ ಎಂದು ನೋಟಕ್ಕೆ ತಿಳಿಯುತ್ತಿರಲಿಲ್ಲ. ಅರಸನನ್ನು ಅರಸನಾಗಿಸುವುದು ಆ ಎತ್ತಿದ ಕೈಗಳು. ಸುಮಾರು ಎರಡು ಸಾವಿರ ವರ್ಷದ ಹಿಂದೆ ಈ ಸೀಮೆಯ ಶಿಲ್ಪಿಯೊಬ್ಬ ಅರಸನ ಮೇಲಿಟ್ಟ ಶ್ರದ್ಧೆಯನ್ನೇ ಚಾಮರದವಳ ಮೇಲೂ ಇಟ್ಟು ಉಳಿ ಹಿಡಿದಿದ್ದಾನೆ. ಅವಳ ಬಗ್ಗೆ ಅವನಿಗೆ ಏನು ಗೊತ್ತಿತ್ತೋ ಎಂದು ನಾನು ಬಹಳ ಹೊತ್ತು ನಿಂತು ನೋಡಿದೆ.

ಅಂಚಿನಲ್ಲಿ ನಿಂತವರನ್ನು ನಡುವಿಗೆ ಕರೆಯುವ ಕಣ್ಣು ಕಾಸರವಳ್ಳಿಯವರಿಗಿದೆ. ಬಿರಾದಾರರಿಗೂ ಮುಂಚೆ ‘ತಬರನ ಕಥೆ’ಯಲ್ಲಿ ಚಾರುಹಾಸನ್, ‘ಗುಲಾಬಿ ಟಾಕೀಸ್’ನಲ್ಲಿ ಉಮಾಶ್ರೀ ಈ ನಿರ್ದೇಶಕರ ಕೈಯಲ್ಲಿ ರಾಷ್ಟ್ರಪ್ರಶಸ್ತಿಯ ನಟರಾದರು. ಉಮಾಶ್ರೀಯವರನ್ನು ಅದಕ್ಕೂ ಮೊದಲು ಎಷ್ಟು ಚಿತ್ರಗಳಲ್ಲಿ ನಗುವಿನ ತುಣುಕಾಗಿ ಕಂಡಿದ್ದೆವು! ಇಂಥ ಕರೆ ಬಾರದೆ ಹೋದವರು ಎಷ್ಟು ಜನರಿರಬೇಕು ಎಂದು ನೆನೆದರೆ ಎದೆ ಭಾರವಾಗುತ್ತದೆ. ಆದರೆ ಕರೆ ಬರಲಿ ಬಿಡಲಿ, ಅವರು ಚಂಬನ್ನು ಸರಿಯಾಗಿಯೇ ಹಿಡಿಯುತ್ತಾರೆ. ನನಗೆ ದೇವರ ಇರವಿನಷ್ಟೇ ಅಚ್ಚರಿಯ ಸಂಗತಿ ಇದು.

ಸ್ಪೇನಿನ ಪ್ರಶಸ್ತಿ ಬಂದಮೇಲೂ ಬಿರಾದಾರರು ಚಿಕ್ಕ ಪಾತ್ರಗಳನ್ನು ಬಿಡಲಿಲ್ಲ. 2023ರಲ್ಲಿ ‘90 ಹೊಡಿ ಮನೀಗ್ ನಡಿ’ ಬಂದಾಗ ಮತ್ತೆ ನಾಯಕರಾದರು. ಹೆಸರೇ ನಮ್ಮ ಕಡೆಯ ಮಾತಿನಲ್ಲಿದ್ದ ಚಿತ್ರ. ಪೋಸ್ಟರಿನ ನಡುವೆ ಅವರ ಅದೇ ಬತ್ತಿದ ಮುಖ, ಈ ಸಲ ಪೂರ್ತಿ ಜಾಗ ತುಂಬಿತ್ತು. ಅವರ ಸುತ್ತ ಎರಡೆರಡು ನಿಮಿಷಕ್ಕೆ ಬಂದುಹೋಗುವ ಹೊಸಬರನ್ನು ನಾನು ಈಗ ಒಬ್ಬೊಬ್ಬರಾಗಿ ಗುರುತು ಹಿಡಿಯುತ್ತಿದ್ದೇನೆ.